ಜಪಾನಿನ ದೆವ್ವದ ಆಟದಲ್ಲಿ ನಮ್ಮವ್ವ

ಜಪಾನಿಗೆ ಹೋಗಿ ಬಂದವರು ಹೂ ಬಿಟ್ಟ ಮರಗಳ ಬಗ್ಗೆ ಬರೆಯುತ್ತಾರೆ, ಬಿಟ್ಟರೆ ಅಲ್ಲಿನ ರೈಲುಗಳ ಬಗ್ಗೆ. ನಾನು ಹೋದದ್ದು ನಮ್ಮವ್ವನನ್ನು ದೆವ್ವ ಮಾಡಿದ್ದಾರೋ ಇಲ್ಲವೋ ಎಂದು ಖುದ್ದಾಗಿ ನೋಡಿಕೊಂಡು ಬರಲಿಕ್ಕೆ.

ಅನುಮಾನ ನನ್ನ ಹುಟ್ಟುಗುಣ. ಮೊಳಕಾಲ್ಮುರಿನಲ್ಲಿ ರೇಷ್ಮೆ ಸೀರೆ ನೇಯುವವಳಿಗೆ ಅದಿಲ್ಲದಿದ್ದರೆ ನಡೆಯುವುದಿಲ್ಲ. ಬಣ್ಣ ಬಿಡುವುದಿಲ್ಲ ಎಂದು ಬಣ್ಣದವನು ಆಣೆ ಇಟ್ಟರೂ ಒದ್ದೆ ಬೆರಳಲ್ಲಿ ಉಜ್ಜಿ ನೋಡುತ್ತೇನೆ. ಜರಿ ಅಸಲಿ ಎಂದರೆ ಬಿಸಿಲಿಗೆ ಹಿಡಿಯುತ್ತೇನೆ. ಆದ್ದರಿಂದ ಆರು ವರ್ಷದ ಹಿಂದೆ ಸಾಚಿಕೊ ಎಂಬ ಜಪಾನಿ ಹೆಣ್ಣುಮಗಳು ನಮ್ಮ ಮನೆಗೆ ಬಂದು, ಸೀರೆಯನ್ನೂ ಕೊಳ್ಳದೆ ಫೋಟೋವನ್ನೂ ಹೊಡೆಯದೆ, ‘ನಿಮ್ಮ ಮಗ್ಗದ ಸದ್ದು ಮಾತ್ರ ಬೇಕು’ ಎಂದು ಹನ್ನೊಂದು ದಿನ ಉಳಿದಾಗ ನಾನು ಹನ್ನೊಂದು ದಿನವೂ ಅವಳ ಚೀಲದ ಮೇಲೆ ಕಣ್ಣಿಟ್ಟಿದ್ದೆ. ಅವ್ವನಿಗೆ ಮಾತ್ರ ಅವಳು ಹಿಡಿಸಿದ್ದಳು. ಸಾಚಿಕೊಳ ಮೈಕಿಗೆ ಬೂದು ರೋಮದ ಟೋಪಿ ಇತ್ತು. ಅವ್ವ ಅದನ್ನು ‘ಬೆಕ್ಕು’ ಎಂದು ಕರೆದು, ಬೆಳಿಗ್ಗೆ ಎದ್ದ ಕೂಡಲೇ ‘ಬೆಕ್ಕು ಎದ್ದೈತಾ?’ ಎಂದು ವಿಚಾರಿಸುತ್ತಿದ್ದಳು.

ಅವ್ವ ತೀರಿಕೊಂಡು ಮೂರು ವರ್ಷವಾಯಿತು. ಮನೆಯಲ್ಲಿ ಅವಳ ಫೋಟೋ ನಾಲ್ಕಿವೆ. ದನಿ ಒಂದೂ ಇಲ್ಲ, ಏಕೆಂದರೆ ಯಾರಾದರೂ ಫೋನು ಹಿಡಿದರೆ ಅವಳು ಬಾಯಿ ಮುಚ್ಚಿಕೊಳ್ಳುತ್ತಿದ್ದಳು. ಹಾಗಿರುವಾಗ ಒಂದು ದಿನ ಸಾಚಿಕೊಳಿಂದ ಮೊಬೈಲಿಗೆ ಸಂದೇಶ ಬಂತು. ತಾನು ಕೆಲಸ ಮಾಡುವ ಪುಟ್ಟ ಕಂಪನಿ ಒಂದು ಆಟ ಕಟ್ಟಿದೆ, ಭಯ ಹುಟ್ಟಿಸುವ ಆಟ, ಅದರಲ್ಲಿ ನಿಮ್ಮ ತಾಯಿಯ ದನಿ ಇದೆ. ಮನೆಯವರು ಬಂದು ಕೇಳಿ ಒಪ್ಪಿ ಸಹಿ ಹಾಕಿದರೆ ಇರುತ್ತದೆ, ಇಲ್ಲದಿದ್ದರೆ ತೆಗೆಯುತ್ತೇವೆ. ಟಿಕೆಟ್ಟು ನಾವೇ ಕಳಿಸುತ್ತೇವೆ.

ಅವ್ವನ ದನಿ ಇನ್ನೊಮ್ಮೆ ಕೇಳಬಹುದು ಎಂದು ಮೈ ಜುಮ್ಮೆಂದಿತು. ಮರುಗಳಿಗೆಯೇ ಸಿಟ್ಟು ನೆತ್ತಿಗೇರಿತು.

ಚಳ್ಳಕೆರೆ

ತಮ್ಮ ತಿಪ್ಪೇಸ್ವಾಮಿ ಚಳ್ಳಕೆರೆಯ ಎಣ್ಣೆ ಮಿಲ್ಲಿನಲ್ಲಿ ಮೇಸ್ತ್ರಿ. ಬೆಂಗಳೂರು ಬಸ್ಸು ಹತ್ತಿಸಲು ಬಂದವನು ಶೇಂಗಾ ಚಟ್ನಿಪುಡಿಯ ಡಬ್ಬಿಯ ಜೊತೆ ಬುದ್ಧಿಮಾತನ್ನೂ ಕಟ್ಟಿ ತಂದಿದ್ದ.

"ಅಕ್ಕಾ, ಬಿಟ್ಟಿ ಟಿಕೆಟ್ ಕಳ್ಸ್ಯಾರೆ ಅಂದ್ರೆ ಒಳಗೇನೋ ಐತೆ. ಅವ್ವನ್ನ ದೆವ್ವ ಮಾಡ್ಯಾರೆ, ನೀನ್ ನೋಡ್ತಿರು. ನಾಳೆ ಊರಾಗೆ ಯಾರಾರ ಕೇಳಿದ್ರೆ ಏನನ್ನಾನ? ನಮ್ಮವ್ವ ಜಪಾನ್ನಾಗೆ ದೆವ್ವ ಆಗ್ಯಾಳೆ ಅನ್ನಾನ?"

"ಮೊದ್ಲು ಕಣ್ಣಿಂದ ನೋಡ್ತೀನಿ ಇರೋ."

"ನೋಡು. ಸಹಿ ಮಾತ್ರ ಹಾಕ್ಬ್ಯಾಡ. ಹೆಬ್ಬೆಟ್ಟೂ ಒತ್ಬ್ಯಾಡ. ಖಾಲಿ ಹಾಳೆ ಮುಟ್ಲೂಬ್ಯಾಡ."

ಬಸ್ಸು ಹೊರಟ ಮೇಲೂ ಕಿಟಕಿಯ ಪಕ್ಕ ನಾಲ್ಕು ಹೆಜ್ಜೆ ಓಡಿ ಬಂದು ಗಾಳಿಯಲ್ಲೇ ಸಹಿ ಮಾಡಿ ತೋರಿಸಿ, ಬೇಡ ಎಂದು ಕೈಯಾಡಿಸಿದ. ಹಿಂದಿನ ಸೀಟಿನವರು ನಾವು ಆಸ್ತಿ ಭಾಗ ಮಾಡಿಕೊಳ್ಳುತ್ತಿದ್ದೇವೆ ಎಂದುಕೊಂಡಿರಬೇಕು.

ನನ್ನ ಕೈಚೀಲದಲ್ಲಿ, ನೂಲು ತುಂಬಿ ಮಗ್ಗದಲ್ಲಿ ಅತ್ತಿಂದಿತ್ತ ಎಸೆಯುವ, ಅವ್ವನ ಲಾಳಿ ಇತ್ತು. ಅದನ್ನು ಏಕೆ ತೆಗೆದುಕೊಂಡೆನೋ ಗೊತ್ತಿಲ್ಲ. ಪರದೇಶದಲ್ಲಿ ಒಬ್ಬಳೇ ಆಗುತ್ತೇನೆ ಎಂದಿರಬಹುದು. ವಿಮಾನ ನಿಲ್ದಾಣದಲ್ಲಿ ತಪಾಸಣೆಯ ಹುಡುಗಿ ಅದರ ಎರಡು ಕಬ್ಬಿಣದ ಮೊನೆಗಳನ್ನು ಮುಟ್ಟಿ, "ಏನಮ್ಮಾ ಇದು, ಆಯುಧಾನಾ?" ಎಂದಳು. ಮೂವತ್ತು ವರ್ಷ ನಮಗೆ ಅನ್ನ ಕೊಟ್ಟ ವಸ್ತುವಿಗೆ ಆ ಹೆಸರು! ದೊಡ್ಡ ಪೆಟ್ಟಿಗೆಗೆ ಹಾಕಿಸಿದಳು. ಜಪಾನಿನಲ್ಲಿ ಪೆಟ್ಟಿಗೆ ಬಿಚ್ಚಿ ಮತ್ತೆ ಕೈಚೀಲಕ್ಕೆ ಹಾಕಿಕೊಳ್ಳುವವರೆಗೆ ಅದನ್ನು ಯಾರೋ ಕದ್ದೇಬಿಟ್ಟರು ಎಂದೇ ನಾನು ನಂಬಿದ್ದೆ.

ವಿಮಾನದಲ್ಲಿ ಬಿಸಿ ಬಟ್ಟೆಯ ಸುರುಳಿಯೊಂದನ್ನು ಕೊಟ್ಟರು. ತಿನ್ನುವುದೋ ಒರೆಸುವುದೋ ತಿಳಿಯದೆ, ಪಕ್ಕದ ಹೆಂಗಸು ಏನು ಮಾಡುತ್ತಾಳೆಂದು ಓರೆಗಣ್ಣಲ್ಲಿ ನೋಡಿದೆ. ಅವಳೂ ನನ್ನನ್ನೇ ಓರೆಗಣ್ಣಲ್ಲಿ ನೋಡುತ್ತಿದ್ದಳು. ಇಬ್ಬರ ಸುರುಳಿಗಳೂ ಆರಿ ತಣ್ಣಗಾದವು.

ಕಿರ್ಯು, ಮೊದಲ ದಿನ

ಸಾಚಿಕೊ ನನ್ನನ್ನು ಕರೆದುಕೊಂಡು ಹೋದದ್ದು ಟೋಕಿಯೊದಿಂದ ಎರಡು ಗಂಟೆ ದೂರದ ಕಿರ್ಯು ಎಂಬ ಊರಿಗೆ. ರೈಲಿನಲ್ಲಿ ಒಬ್ಬರೂ ಮಾತಾಡಲಿಲ್ಲ. ಫೋನು ಗುನುಗಲಿಲ್ಲ, ಮಗು ಸಹ ಅಳಲಿಲ್ಲ. ಇಷ್ಟು ಜನ ಇಷ್ಟು ಸುಮ್ಮನಿರಬೇಕಾದರೆ ಯಾರೋ ದೊಡ್ಡವರು ಸತ್ತಿರಬೇಕು ಎಂದು ನಾನೂ ಮುಖ ಸಪ್ಪಗೆ ಮಾಡಿಕೊಂಡು ಕೂತೆ. ನಮ್ಮ ರಾಯದುರ್ಗದ ಬಸ್ಸಿನಲ್ಲಾಗಿದ್ದರೆ ಅಷ್ಟು ಹೊತ್ತಿಗೆ ಮೂರು ಮದುವೆ ಮಾತುಕತೆ ಮುಗಿದು ಒಂದು ಮುರಿದೂ ಹೋಗಿರುತ್ತಿತ್ತು.

ಕಿರ್ಯು ಹಿಂದೆ ರೇಷ್ಮೆ ನೇಯುತ್ತಿದ್ದ ಊರು. ಗರಗಸದ ಹಲ್ಲಿನಂಥ ಮಾಡುಗಳ ನೇಯ್ಗೆ ಶೆಡ್ಡುಗಳು ಈಗಲೂ ನಿಂತಿವೆ. ಅಂಥ ಒಂದು ಶೆಡ್ಡಿನಲ್ಲೇ ಇವರ ಕಚೇರಿ. ಮಾಡಿನಿಂದ ಬೆಳಕು ಧಾರಾಳವಾಗಿ ಬೀಳುವ ಜಾಗದಲ್ಲಿ ಏಳೆಂಟು ಜನ ಬಿಸ್ಕತ್ತು ತಿನ್ನುತ್ತ, ನಗುತ್ತ, ಪರದೆಯ ಮೇಲೆ ರಕ್ತ ಬಳಿಯುತ್ತಿದ್ದರು. ಹೆಣದ ಚಿತ್ರದ ಬೆರಳುಗಳಿಗೆ ಉಗುರು ಬರೆಯುತ್ತಿದ್ದ ಒಬ್ಬಳು ಎದ್ದು ಬಂದು ನನಗೆ ಸೊಂಟದವರೆಗೆ ಬಗ್ಗಿ ನಮಸ್ಕರಿಸಿದಳು. ಇಷ್ಟು ಮರ್ಯಾದಸ್ಥರು ಇಂಥ ಕೆಲಸ ಮಾಡುವುದು ಹೇಗೆ? ನನ್ನ ಅನುಮಾನ ಇಮ್ಮಡಿಯಾಯಿತು.

ಸಾಚಿಕೊಗೆ ನಮ್ಮ ಮನೆಯಲ್ಲಿ ಕಲಿತ ‘ಊಟ ಆಯ್ತಾ’, ‘ಸಾಕು’, ‘ಅಕ್ಕ’ ಮೂರೇ ನೆನಪಿದ್ದವು. ಉಳಿದದ್ದನ್ನು ಅವಳ ಫೋನು ಅನುವಾದಿಸುತ್ತಿತ್ತು. ಅದರ ಕನ್ನಡವೋ, ನಾಟಕದ ರಾಜನದು. ನಾನು ಅಲ್ಲಿನ ಪಾಯಿಖಾನೆಗೆಂದೇ ಇಟ್ಟ ಚಪ್ಪಲಿಯಲ್ಲೇ ಅವರ ಮೇಜುಗಳವರೆಗೆ ನಡೆದು ಬಂದಾಗ ಎಲ್ಲರೂ ನೆಲ ನೋಡಿದರು. ಫೋನು ಘೋಷಿಸಿತು: "ತಮ್ಮ ಪಾದರಕ್ಷೆಗಳು ಶೌಚಗೃಹಕ್ಕೆ ಸೇರಿದವುಗಳಾಗಿವೆ." ಅದು ಇವರು ಆಡಿದ್ದನ್ನೇ ಹೇಳುತ್ತದೆಯೋ, ಸಿಹಿ ಮಾಡಿ ಹೇಳುತ್ತದೆಯೋ? ಸಹಿಯ ಕಾಗದ ಮೇಜಿನ ಮೇಲಿತ್ತು. ನಾನು ಆ ಕಡೆ ಕೈ ಚಾಚಲೇ ಇಲ್ಲ.

ಎರಡನೆಯ ದಿನ

ಉಳಿದುಕೊಂಡ ಮನೆಯಿಂದ ಕಚೇರಿಗೆ ಮೂರು ಗಲ್ಲಿ ದೂರ. ದಾರಿ ಗೊತ್ತಿದೆ ಎಂದು ಬೆಳಿಗ್ಗೆ ಒಬ್ಬಳೇ ಹೊರಟೆ. ಚಪ್ಪಲಿಗೆ ಹರಳು ಸಿಕ್ಕಿದ್ದರಿಂದ ಒಂದು ಕಲ್ಲುಬೆಂಚಿನ ಮೇಲೆ ಚೀಲ ಒರಗಿಸಿ ಕೂತು, ಹರಳು ತೆಗೆದು, ಮತ್ತೆ ನಡೆದೆ. ಹಿಂದಿನಿಂದ ಯಾರೋ ಕೂಗಿದರು. ತಿರುಗಿ ನೋಡಿದರೆ ಟೋಪಿ ಹಾಕಿದ ಮುದುಕ. ಅದೇ ಒಂದು ಮಾತನ್ನು ಮತ್ತೆ ಮತ್ತೆ ಕೂಗುತ್ತ ನನ್ನ ಕಡೆಗೇ ಬರುತ್ತಿದ್ದಾನೆ. ನಾನು ಕಾಲು ಚುರುಕು ಮಾಡಿದೆ. ಅವನೂ ಮಾಡಿದ. ನಾನು ಎಡಕ್ಕೆ ತಿರುಗಿದರೆ ಅವನೂ ಎಡಕ್ಕೆ. ಸೀರೆ ಎತ್ತಿಕಟ್ಟಿ ಓಡಿದೆ. ಐವತ್ತೆರಡು ವರ್ಷದ ನನ್ನ ಜೀವಮಾನದಲ್ಲಿ ಅಷ್ಟು ಓಡಿದ್ದು ಅದೇ ಮೊದಲು. ಕಚೇರಿಯ ಬಾಗಿಲು ಹಾಕಿಕೊಂಡು ಉಸಿರು ತಿರುಗಿದ ಮೇಲೆ ಚೀಲ ನೋಡಿಕೊಂಡರೆ ಲಾಳಿ ಇಲ್ಲ.

"ಆ ಮುದುಕನೇ ಕದ್ದಿದ್ದು," ಎಂದೆ. ಸಾಚಿಕೊ ಹಾಗಿರಲಾರದು ಎಂದಳು. ತಮ್ಮ ಊರಿನವರನ್ನು ಯಾರು ಬಿಟ್ಟುಕೊಡುತ್ತಾರೆ?

ಆ ಮನಸ್ಸಿನಲ್ಲೇ ಆಟಕ್ಕೆ ಕೂತೆ. ಅದು ಓಡುವ, ಗುಂಡು ಹೊಡೆಯುವ ಆಟ ಅಲ್ಲ. ಪರದೆಯ ಮೇಲೆ ಚಿತ್ರ ನಿಲ್ಲುತ್ತದೆ, ಕೆಳಗೆ ಕಥೆ ಅಕ್ಷರವಾಗಿ ಬರುತ್ತದೆ, ಓದುತ್ತ ಹೋಗಬೇಕು. ಅಲ್ಲಲ್ಲಿ ಎರಡು ದಾರಿ ತೋರಿಸಿ ಒಂದನ್ನು ಆರಿಸು ಎನ್ನುತ್ತದೆ. ಆರಿಸಿದ ದಾರಿಯಲ್ಲಿ ಕಥೆ ಸಾಗುತ್ತದೆ. ಶಾಲೆಯ ಹುಡುಗಿಯೊಬ್ಬಳು ಅಜ್ಜಿಯ ಪಾಳು ನೇಯ್ಗೆಮನೆಗೆ ಬರುತ್ತಾಳೆ. ಕಥೆ ಬರೆದ ಮೊರಿ ಎಂಬ ತೆಳ್ಳಗಿನ ಮನುಷ್ಯ ನನ್ನ ಪಕ್ಕದಲ್ಲೇ ನೋಟ್‌ಬುಕ್ಕು ಹಿಡಿದು ಕೂತ. ಫೋನು ಒಂದೊಂದೇ ಸಾಲನ್ನು ಕನ್ನಡದಲ್ಲಿ ಓದಿತು.

ಹುಡುಗಿ ಕತ್ತಲ ಹಜಾರದಲ್ಲಿ ನಿಂತಿದ್ದಾಳೆ. ಮುಚ್ಚಿದ ಬಾಗಿಲ ಹಿಂದೆ ಮಗ್ಗ ನಡೆಯುತ್ತಿದೆ. ಆಮೇಲೆ ಅವ್ವ ಎಣಿಸತೊಡಗಿದಳು.

"ಒಕಟಿ, ರೆಂಡು, ಮೂಡು, ನಾಲುಗು..."

ಅವ್ವನ ತವರು ಆಂಧ್ರದ ಕಡೆ. ಮಾತೆಲ್ಲ ಕನ್ನಡವಾದರೂ ಎಳೆ ಎಣಿಸುವುದು ಮಾತ್ರ ತೆಲುಗಿನಲ್ಲಿ. ಮೂರು ವರ್ಷದ ಮೇಲೆ ಆ ದನಿ! ಮೊರಿ ಹೆಮ್ಮೆಯಿಂದ ಏನೋ ಹೇಳಿದ. ಫೋನು ತಿಳಿಸಿತು: "ಇದು ಶಾಪದ ಮಂತ್ರವಾಗಿದೆ."

"ಮಂತ್ರ ಅಲ್ಲಪ್ಪಾ, ಲೆಕ್ಕ. ಎಳೆ ಎಣಿಸ್ತಾ ಐದಾಳೆ."

ಅಷ್ಟರಲ್ಲಿ ಮಗ್ಗದ ಸದ್ದು ನಿಂತಿತು. ಅವ್ವ ಕೂಗಿದಳು: "ನಿಲ್ಲೇ! ಎಳೆ ಹೋತು!"

ಇಲ್ಲಿ ಒಂದು ಮಾತು ಹೇಳಬೇಕು. ನಮ್ಮ ಸೀರೆಗೆ ಇಬ್ಬರು ಬೇಕು. ಒಬ್ಬರು ಮಗ್ಗದ ಕೆಳಗಿನ ಗುಂಡಿಯಲ್ಲಿ ಕಾಲಿಳಿಸಿ ಕೂತು ಸೀರೆಯ ಮೈ ನೇಯುತ್ತಾರೆ, ಇನ್ನೊಬ್ಬರು ಬಲಗಡೆ ಮೇಲೆ ಕೂತು ಅಂಚಿನ ಲಾಳಿ ಎಸೆಯುತ್ತಾರೆ. ನಾನು ಗುಂಡಿಗೆ, ಅವ್ವ ಅಂಚಿಗೆ. ಎಳೆ ಕಡಿದದ್ದನ್ನು ಕಂಡು ಕೂಗುವುದು ಅಂಚಿನವರ ಕೆಲಸ. ಕೂಗಿದ ತಕ್ಷಣ ಗುಂಡಿಯವಳು ಕೈ ಎರಡನ್ನೂ ತೊಡೆಯ ಮೇಲಿಟ್ಟು, ತುಳಿಯುವ ಹಲಗೆಯಿಂದ ಕಾಲೆತ್ತಿ, ಕದಲದೆ ಕೂರಬೇಕು. ಅಂಚಿನವರು ಗಂಟು ಹಾಕಿ ‘ಹೂಂ, ಹೊಡಿ’, ಅಂದರೆ ಮತ್ತೆ ನೇಯಿ, ಎನ್ನುವವರೆಗೆ ಬೆರಳಾಡಿಸಬಾರದು. ಒಂದು ಸಲ ಹೆಚ್ಚಿಗೆ ಲಾಳಿ ಓಡಿದರೂ ಸೀರೆಯಲ್ಲಿ ತಪ್ಪು ಉಳಿದುಬಿಡುತ್ತದೆ.

ಪರದೆಯ ಮೇಲೆ ‘ಓಡು’, ‘ಬಾಗಿಲು ತೆರೆ’ ಎಂದು ಎರಡು ದಾರಿ ಮೂಡಿದವು. ಕೆಳಗೆ ಕೆಂಪು ಪಟ್ಟಿಯೊಂದು ಸವೆಯುತ್ತಿತ್ತು. ನನ್ನ ಕೈಗಳು ಆಟದ ಬಟನ್ನು ಒತ್ತುವ ಸಾಧನವನ್ನು ಮೇಜಿನ ಮೇಲೆ ಬಿಟ್ಟು ತಾವಾಗಿ ತೊಡೆಯ ಮೇಲೆ ಬಂದು ಕೂತವು. ಪಟ್ಟಿ ಮುಗಿಯಿತು. ಬಾಗಿಲು ಸಿಡಿದು, ಮುಖದ ಮೇಲೆ ಕೂದಲು ಇಳಿಬಿಟ್ಟ ಒಂದು ಆಕೃತಿ ಹಾರಿ ಬಂತು. ಹುಡುಗಿ ಸತ್ತಳು.

ಮತ್ತೆ ಆಡಿಸಿದರು. ಮತ್ತೆ ಸತ್ತಳು. ಮೂರನೆಯ ಸಲಕ್ಕೆ ಫೋನು ಕೇಳಿತು: "ತಾವು ಭಯಭೀತರಾಗಿದ್ದೀರಾ?"

"ಭಯ ಎಂಥದ್ದು! ಅವ್ವ ನಿಲ್ಲು ಅಂದ್ಲು, ನಿಂತೆ."

ತಮ್ಮ ಹೇಳಿದ್ದು ಸರಿಯಾಗಿತ್ತು. ಆ ಕೂದಲು ಇಳಿಬಿಟ್ಟ ಆಕೃತಿಗೆ ನಮ್ಮವ್ವನ ಗಂಟಲು ಕೊಟ್ಟಿದ್ದರು. ದಿನಾ ತಲೆಗೆ ಎಣ್ಣೆ ಹಚ್ಚಿ, ಒಂದು ಎಳೆ ಕೂದಲು ಹೊರಗೆ ಬಾರದಂತೆ ತುರುಬು ಕಟ್ಟುತ್ತಿದ್ದವಳಿಗೆ! ನಾನು ಎದ್ದುಬಿಟ್ಟೆ. ಸಾಚಿಕೊ ಹಿಂದೆಯೇ ಬಂದು ತಡೆದು ಬೇರೇನೋ ಕೇಳಿದಳು. ಧ್ವನಿಮುದ್ರಣದಲ್ಲಿ ಪ್ರತಿ ಸಲವೂ ಮೊದಲು ಮಗ್ಗ ನಿಲ್ಲುತ್ತದೆ, ಆಮೇಲೆ ಕೂಗು ಬರುತ್ತದೆ, ಅದು ಯಾಕೆ?

"ಹಂಗಿರಾಕೆ ಸಾಧ್ಯಾನೇ ಇಲ್ಲ. ಅವ್ವ ಕೂಗಿದ್ ಮೇಲೇನೆ ನಾನ್ ನಿಲ್ತಿದ್ದದ್ದು. ನೀವೇ ಹಿಂದೆ ಮುಂದೆ ಮಾಡೀರ," ಎಂದು ಹೇಳಿ ಹೊರಟುಬಂದೆ. ದನಿಯನ್ನೂ ಕತ್ತರಿಸಿ ಜೋಡಿಸಿದ್ದಾರೆ, ಇವರನ್ನು ನಂಬುವುದು ಹೇಗೆ?

ಮೂರನೆಯ ದಿನ

ಬೆಳಿಗ್ಗೆ ಉಳಿದುಕೊಂಡ ಮನೆಯ ಬಾಗಿಲ ಚಿಲಕಕ್ಕೆ ಒಂದು ಕಾಗದದ ಚೀಲ ನೇತಾಡುತ್ತಿತ್ತು. ಮುಟ್ಟಲು ಧೈರ್ಯವಾಗದೆ ಸಾಚಿಕೊ ಬರುವವರೆಗೆ ಕಾದೆ. ಬಿಚ್ಚಿದರೆ ಒಳಗೆ ಅವ್ವನ ಲಾಳಿ. ಮೊನೆಗಳಿಗೆ ಹತ್ತಿ ಸುತ್ತಿ, ಬಿಳಿ ಕಾಗದದಲ್ಲಿ ಮಡಿಸಿ ಇಟ್ಟಿದ್ದರು. ಜೊತೆಗೆ ಒಂದು ಚೀಟಿ. ಫೋನು ಓದಿತು: "ನಿನ್ನೆ ತಮ್ಮನ್ನು ಓಡಿಸಿದ್ದಕ್ಕೆ ಕ್ಷಮೆ ಇರಲಿ. ಇದು ಕಲ್ಲಿನ ಬೆಂಚಿನ ಮೇಲೆ ಉಳಿದಿತ್ತು. ನಾನೂ ಹಿಂದೆ ನೇಕಾರನಾಗಿದ್ದೆ."

ಸೀರೆ ಉಟ್ಟವಳು ಆ ಊರಿಗೆ ನಾನೊಬ್ಬಳೇ, ಮನೆ ಹುಡುಕುವುದು ಕಷ್ಟವಾಗಿರಲಿಕ್ಕಿಲ್ಲ. ನನಗೆ ನಾಚಿಕೆಯಾಯಿತು. ಕಳ್ಳ ಎಂದು ಕಚೇರಿಯಲ್ಲಿ ಸಾರಿದವಳು ನಾನು. ಆ ಮಾತನ್ನು ನನ್ನ ಬಾಯಿಂದ ಕೇಳಿ ಸಾಚಿಕೊ ಅರ್ಥ ಹೇಳಿದಳು: ಅವನು ಕೂಗುತ್ತಿದ್ದದ್ದು ನಿಲ್ಲಿ ಎಂದಂತೆ, ಅಷ್ಟೇ.

ಲಾಳಿ ಹಿಡಿದುಕೊಂಡು ನೇರ ಮೊರಿಯ ಮೇಜಿಗೆ ಹೋದೆ. ಸಾಚಿಕೊಳ ಫೋನನ್ನು ನಡುವೆ ಇಟ್ಟು, ನಿಧಾನವಾಗಿ, ಅದಕ್ಕೆ ಅರ್ಥವಾಗುವ ಪುಸ್ತಕದ ಕನ್ನಡದಲ್ಲೇ ಹೇಳಿದೆ. ನಿಮ್ಮ ಊರಿನ ಒಬ್ಬರು ನನ್ನನ್ನು ಹಿಂದಿನಿಂದ ಕೂಗಿದರು. ಮಾತು ತಿಳಿಯಲಿಲ್ಲ, ನಾನು ಹೆದರಿ ಓಡಿದೆ. ಅವರು ನನ್ನ ವಸ್ತುವನ್ನು ಕೊಡಲು ಬಂದಿದ್ದರು. ನಿಮಗೂ ನಮ್ಮವ್ವನ ಮಾತು ತಿಳಿಯಲಿಲ್ಲ, ದೆವ್ವ ಮಾಡಿದಿರಿ. ಅವಳು ಕೂಗಿದ್ದು ಯಾರನ್ನೂ ಕೊಲ್ಲಲಿಕ್ಕಲ್ಲ. ಏನೋ ಕಡಿದಿದೆ, ನಿಲ್ಲು, ಸರಿಮಾಡುತ್ತೇನೆ ಎಂದು ಕೂಗಿದ್ದು. ನಿಮ್ಮ ಆಟದಲ್ಲಿ ನಿಂತವಳು ಸಾಯುವ ಹಾಗಿದ್ದರೆ ನಾನು ಸಹಿ ಹಾಕುವುದಿಲ್ಲ. ದನಿ ತೆಗೆದುಬಿಡಿ.

ಹೇಳಿಬಿಟ್ಟೆ, ಸರಿ. ಆದರೆ ತೆಗೆದರೆ ಆ ದನಿ ಎಲ್ಲಿಗೆ ಹೋಗುತ್ತದೆ ಎಂದು ನನಗೇ ದಿಗಿಲಾಯಿತು.

ಮೊರಿ ತನ್ನ ನೋಟ್‌ಬುಕ್ಕಿನ ಹಾಳೆಗಳನ್ನು ಹಿಂದಕ್ಕೆ ತಿರುವಿದ. ಕೊನೆಗೆ ಕೇಳಿದ್ದು ಒಂದೇ ಪ್ರಶ್ನೆ: "ನಿಂತರೆ ಏನಾಗುತ್ತದೆ?"

"ಗಂಟು ಹಾಕ್ತಾಳೆ. ಆಮೇಲೆ ‘ಹೂಂ, ಹೊಡಿ’ ಅಂತಾಳೆ. ಅಷ್ಟೇ."

ಅವನು ಎದ್ದು ಗೋಡೆಯ ಹಲಗೆಯ ಬಳಿ ಹೋದ. ಕಥೆಯ ದಾರಿಗಳನ್ನೆಲ್ಲ ಬೇರಿನಂತೆ ಗೆರೆ ಗೆರೆಯಾಗಿ ಬರೆದಿದ್ದ ಆ ಹಲಗೆಯಲ್ಲಿ ‘ಓಡು’ ಮತ್ತು ‘ತೆರೆ’ ನಡುವೆ ಹೆಸರಿಲ್ಲದ ಮೂರನೆಯ ಗೆರೆಯೊಂದನ್ನು ಎಳೆದ. ಉಗುರು ಬರೆಯುತ್ತಿದ್ದ ಹುಡುಗಿ ಆ ಕೂದಲಿನ ಆಕೃತಿಯನ್ನು ಅಳಿಸಿ, ಬಾಗಿಲ ಸಂದಿಯಲ್ಲಿ ಲಾಳಿ ಹಿಡಿದ ಒಂದು ಕೈಯನ್ನು ಬರೆದಳು. ನನ್ನ ಕೈಯನ್ನೇ ನೋಡಿಕೊಂಡು ಬರೆದಳು. ನಾನು ಹಿಂದೆಯೇ ನಿಂತು ಒಂದೊಂದು ಗೆರೆಯನ್ನೂ ಕಾದೆ.

ಸಂಜೆಗೆ ಮುಂಚೆ ಮತ್ತೆ ಆಡಿಸಿದರು. ಮಗ್ಗ ನಿಂತಿತು. "ನಿಲ್ಲೇ! ಎಳೆ ಹೋತು!" ಕೈ ತೊಡೆಯ ಮೇಲಿಟ್ಟೆ. ಕೆಂಪು ಪಟ್ಟಿ ಸವೆದು ಸವೆದು ಮುಗಿಯಿತು. ಪರದೆ ಕಪ್ಪಾಯಿತು. ಮೋಸ ಮಾಡಿದರು ಎಂದೇ ಅಂದುಕೊಂಡೆ. ಆ ಕಪ್ಪಿನಲ್ಲಿ ಎಳೆ ಹೊಸೆಯುವ ಸಣ್ಣ ಸದ್ದು, ಅವ್ವ ಎಳೆಯನ್ನು ಹಲ್ಲಲ್ಲಿ ಕಚ್ಚುವ ಸದ್ದು. ಆಮೇಲೆ, "ಹೂಂ, ಹೊಡಿ." ಬೆಳಕು ಬಂತು. ಹುಡುಗಿ ಅಲ್ಲೇ ನಿಂತಿದ್ದಳು. ಅವಳ ಮುಂದಿನ ಹೆಜ್ಜೆಯಲ್ಲಿ ನೆಲದ ಹಲಗೆ ಮುರಿದು ಬಾವಿಯಂಥ ಗುಂಡಿ ಬಾಯಿ ಬಿಟ್ಟಿತ್ತು. ಓಡಿದವರು ಬೀಳುತ್ತಿದ್ದದ್ದು ಅದರೊಳಕ್ಕೆ.

ಕಾಗದವನ್ನು ಫೋನಿನಿಂದ ಎರಡು ಸಲ ಓದಿಸಿ, ಬದಲಾವಣೆಯನ್ನು ಅದರಲ್ಲೇ ಬರೆಸಿ, ಸಹಿ ಹಾಕಿದೆ. ತಮ್ಮನ ಮುಖ ಕಣ್ಣ ಮುಂದೆ ಬಂತು.

ಹೊರಡುವಾಗ ಸಾಚಿಕೊ ಒಂದು ಸಣ್ಣ ಪೆಟ್ಟಿಗೆ ಕೊಟ್ಟಳು. ಹನ್ನೊಂದು ದಿನದ ಮುದ್ರಣವೆಲ್ಲ ಅದರಲ್ಲಿದೆಯಂತೆ. ಒಂದನ್ನು ಮಾತ್ರ ಇಲ್ಲೇ ಕೇಳಿ ಎಂದಳು. ಅದರ ಹೆಸರು ‘ಖಾಲಿ ಕೋಣೆ’. ಸದ್ದು ಹಿಡಿಯುವವರು ಎಲ್ಲರನ್ನೂ ಹೊರಗೆ ಕಳಿಸಿ ಕೋಣೆಯ ಮೌನವನ್ನೂ ಹಿಡಿಯುತ್ತಾರಂತೆ. ಆ ದಿನ ಅವ್ವ ಮಂಡಿ ನೋವೆಂದು ಏಳದೆ ಅಂಚಿನ ಜಾಗದಲ್ಲೇ ಉಳಿದಿದ್ದಳು. ಮಾತಾಡಿದ್ದರಿಂದ ಮೌನ ಕೆಟ್ಟಿತು, ಬಳಸಲಿಲ್ಲ. ಅವ್ವನ ಆಡುಮಾತು ಫೋನಿಗೂ ಹಿಡಿಯದೆ, ಏನು ಹೇಳಿದಳೆಂದು ಸಾಚಿಕೊಗೂ ಗೊತ್ತಿರಲಿಲ್ಲ. ನಾನು ಹೆಡ್‌ಫೋನು ಕಿವಿಗೆ ಹಾಕಿಕೊಂಡೆ.

"ಏ ಬೆಕ್ಕೇ, ಎಲ್ರೂ ಹೋದ್ರು, ನೀನೊಂದ್ ಉಳ್ದೆ ನೋಡು. ನಿನಗೊಂದ್ ಹೇಳ್ಲಾ? ನಂಗೆ ಎಳೆ ಕಾಣಂಗಿಲ್ಲ ಈಗ. ಎರಡು ವರ್ಷಾತು. ಎಳೆ ಕಡಿದ್ರೆ ಅದೇ ನಿಲ್ತೈತೆ, ನಮ್ ಹುಡುಗಿ. ಅದರ ಕಾಲಿಗೇ ಗೊತ್ತಾಗ್ತೈತೆ. ಅದು ನಿಂತದ್ ಕೇಳ್ಸ್ಕಂಡು ನಾನ್ ಕೂಗ್ತೀನಿ. ಬೆರಳಾಗೆ ತಡಕಾಡಿ ಗಂಟು ಹಾಕ್ತೀನಿ. ನಾನ್ ಕೂಗ್ದೆ ಸುಮ್ಕಿದ್ರೆ ಅದಕ್ಕೆ ಗೊತ್ತಾಗಿ, ಅವ್ವನ್ ಕಣ್ಣು ಹೋತು ಅಂತ ಅಳ್ತೈತೆ. ಹೇಳ್ಬ್ಯಾಡ ಮತ್ತೆ."

ಆಮೇಲೆ ನಿಜವಾಗಿಯೂ ಖಾಲಿ ಕೋಣೆ. ನಾನು ಅಲ್ಲಿಯೇ ಅತ್ತೆ, ಜೋರಾಗಿಯೇ ಅತ್ತೆ. ಬಣ್ಣ, ಜರಿ, ಜಪಾನು ಎಲ್ಲವನ್ನೂ ಅನುಮಾನಿಸಿದವಳು, ಮೊಳದ ದೂರದಲ್ಲಿ ಕೂತವಳ ಕಣ್ಣನ್ನು ಒಂದು ದಿನವೂ ಅನುಮಾನಿಸಲಿಲ್ಲ.

ಮೊಳಕಾಲ್ಮುರು

ತಿಪ್ಪೇಸ್ವಾಮಿ ಮೊದಲು ಸಹಿಯ ವಿಚಾರಕ್ಕೆ ಜಗಳ ತೆಗೆದ. ನಾನು ಅವನಿಗೆ ಅವ್ವನ ದನಿ ಕೇಳಿಸಿದೆ. ಅಂಗಳಕ್ಕೆ ಹೋಗಿ ಮುಖ ತೊಳೆದು ಬಂದವನು, "ಇನ್ನೊಂದ್ ಸಲ ಹಾಕಕ್ಕಾ," ಎಂದ.

ಈಗ ಅಂಚಿಗೆ ಪಕ್ಕದ ಮನೆಯ ಓಬಮ್ಮ ಕೂರುತ್ತಾಳೆ. ಚುರುಕು ಕಣ್ಣಿನವಳು, ಮಾತು ಕಡಿಮೆ. ಮೊನ್ನೆ ನೇಯುವಾಗ ಎಳೆ ಕಡಿಯಿತು. ನನ್ನ ಕಾಲು ಎದ್ದಿತ್ತು, ಕೈ ತೊಡೆಯ ಮೇಲೆ ಬಂದಿತ್ತು. ಓಬಮ್ಮ ಬಗ್ಗಿ ಗಂಟು ಹಾಕಲು ಹೊರಟಳು.

"ಕೂಗಮ್ಮಾ," ಎಂದೆ.

"ನೀವಾಗ್ಲೇ ನಿಂತೀರಲ್ಲಕ್ಕಾ, ಇನ್ಯಾಕೆ ಕೂಗ್ಲಿ?"

"ಆದ್ರೂ ಕೂಗು."